ಅರ್ಧಕ್ಕೆ ಬಿಟ್ಟ ಅಳಗುಳಿಮಣೆ

1961ರಲ್ಲಿ ನಾನು ಭದ್ರಾವತಿಯ ಒಂದು ಆಸ್ಪತ್ರೆಯ ಕ್ಷಯರೋಗ ವಾರ್ಡಿನಲ್ಲಿ ಸ್ಟಾಫ್ ನರ್ಸ್. ಆಗ ಕ್ಷಯಕ್ಕೆ ಸ್ಟ್ರೆಪ್ಟೊಮೈಸಿನ್ ಇಂಜೆಕ್ಷನ್, ಜೊತೆಗೆ ಮಾತ್ರೆ. ತಿಂಗಳುಗಟ್ಟಲೆ ತಪ್ಪದೆ ನಡೆಯುವ ಈ ಚಿಕಿತ್ಸೆಗೆ ಕೋರ್ಸ್ ಎನ್ನುತ್ತಿದ್ದೆವು. ನಡುವೆ ಬಿಟ್ಟರೆ ಆಮೇಲೆ ಅದೇ ಔಷಧಿ ನಾಟದೆ ಹೋಗಬಹುದು. ಆದರೂ ರೋಗಿಗಳು ಓಡಿಹೋಗುತ್ತಿದ್ದರು, ಸೂಜಿಗೆ ಹೆದರಿ ಅಲ್ಲ, ಒಂಟಿತನಕ್ಕೆ.

ನಮ್ಮ ವಾರ್ಡಿನಲ್ಲಿದ್ದ ಜನ್ನಾಪುರದ ಪಾರ್ವತಮ್ಮನಿಗೆ ಮೂವತ್ತು ದಾಟಿತ್ತು. ಸೋಂಕಿನ ಭಯಕ್ಕೆ ಮನೆಯವರು ಬಾಗಿಲಾಚೆಯಿಂದಲೇ ಮಾತಾಡಿಸಿ ಹೋಗುತ್ತಿದ್ದರು. ಆಕೆ ತನ್ನದೇ ದಾರಿ ಕಂಡುಕೊಂಡಿದ್ದಳು. ಕಾರ್ಖಾನೆಯ ಬೆಳಗಿನ ಸೈರನ್ ಕೂಗಿದರೆ ತಲೆ ಬಾಚಿ, ವಿಭೂತಿ ಹಚ್ಚಿ, ಹಾಸಿಗೆ ಕೊಡವುವಳು. ಮಧ್ಯಾಹ್ನದ ಸೈರನ್ನಿಗೆ ಅಳಗುಳಿಮಣೆ ತೆಗೆದು, ಗುಳಿಗಳಿಗೆ ಹುಣಸೆಬೀಜ ತುಂಬಿ, ಒಬ್ಬಳೇ ಸೀತೆಯಾಟ ಆಡುವಳು. ಅಶೋಕವನದಲ್ಲಿ ಸೀತಮ್ಮ ಒಬ್ಬಳೇ ಆಡಿದ ಆಟವಂತೆ, ಅದಕ್ಕೆ ಜೊತೆ ಬೇಕಿಲ್ಲ.

ನಾನು ಸುಮ್ಮನಿರಬೇಕಿತ್ತು. "ಒಬ್ಳೇ ಏನು ಆಡ್ತೀಯ ಮಾರಾಯ್ತಿ, ಜರುಗು ಆಚೆ" ಎಂದು ಎದುರು ಕೂತೆ. ಮರುದಿನವೂ ಕೂತೆ. ದಿನಾ ಅವಳೇ ಗೆದ್ದು, "ಸೂಜಿ ಚುಚ್ಚೋ ಕೈಗೆ ಬೀಜ ಎಲ್ಲಿ ಒಲಿಯುತ್ತೆ" ಎಂದು ನಗುವಳು. ಸೀತೆಯಾಟ ನಿಂತೇಹೋಯಿತು. ನನಗೋ, ದೊಡ್ಡ ಉಪಕಾರ ಮಾಡಿದೆನೆಂಬ ಜಂಬ.

ನನಗೆ ಶಿವಮೊಗ್ಗಕ್ಕೆ ವರ್ಗವಾದಾಗ ಅವಳ ಅಳು ನೋಡುವ ಧೈರ್ಯವಾಗಲಿಲ್ಲ. ಅರ್ಧ ಆಟದಲ್ಲಿ ಎದ್ದು, "ನಾಳೆ ಬಂದು ಮುಗಿಸ್ತೀನಿ" ಎಂದೆ. ಹಸಿ ಸುಳ್ಳು. ಹತ್ತಿರದ ಊರೇ ಆದರೂ ಆಮೇಲೂ ಹೋಗಲಿಲ್ಲ.

ಕೆಲವು ವಾರಗಳ ನಂತರ ಶಿವಮೊಗ್ಗದ ಹೊರರೋಗಿಗಳ ಸಾಲಿನಲ್ಲಿ ಪಾರ್ವತಮ್ಮ ನಿಂತಿದ್ದಳು. ಬಾಯಿಗೆ ಸೆರಗು, ಕಂಕುಳಲ್ಲಿ ಮಣೆ. ನನ್ನ ಬಾಯಿಂದ ಬೈಗುಳವೇ ಮೊದಲು ಬಂತು. "ಇಂಜೆಕ್ಷನ್ ಬಿಟ್ಟು ಬಂದ್ಯಾ? ಬುದ್ಧಿ ಇದೆಯಾ ನಿಂಗೆ?"

"ಒಬ್ಳೇ ಆಡೋಣ ಅಂದ್ಕೊಂಡೆ ಸಿಸ್ಟರ್, ಕೈ ಬರ್ಲಿಲ್ಲ. ನಾಳೆ ಬರ್ತೀನಿ ಅಂದಿದ್ರಲ್ಲ, ಬೀಜ ಹೇಗೆ ಕದಲಿಸ್ಲಿ? ನೀವು ಇಲ್ಲಿದ್ದೀರಂತ ವಾರ್ಡಿನವ್ರು ಹೇಳಿದ್ರು."

ಬೆಂಚಿನ ಮೇಲೆ ಮಣೆಯಿಟ್ಟು, ಚೀಲದಿಂದ ಪುಟ್ಟ ಪೊಟ್ಟಣಗಳನ್ನು ತೆಗೆದಳು. ಬಸ್ಸಿನ ಕುಲುಕಿಗೆ ಬೆರೆಯಬಾರದೆಂದು ಒಂದೊಂದು ಗುಳಿಯ ಬೀಜವನ್ನೂ ಬೇರೆಬೇರೆ ಕಟ್ಟಿದ್ದಳು. ಎಲ್ಲವನ್ನೂ ಅದರದರ ಗುಳಿಗೆ ಸುರಿದು, "ನಿಮ್ಮ ಸರದಿ" ಎಂದಳು.

ಅಂದೇ ಅವಳನ್ನು ಭದ್ರಾವತಿಗೆ ಕರೆದೊಯ್ದೆ. ವಾರಗಟ್ಟಲೆ ಇಂಜೆಕ್ಷನ್ ತಪ್ಪಿದ್ದರಿಂದ ಡಾಕ್ಟರು ಕೋರ್ಸನ್ನು ಮೊದಲಿನಿಂದ ಶುರು ಮಾಡಿದರು. ಹಾಸಿಗೆಯ ಪಕ್ಕ ಕೂತು ಆ ಆಟ ಮುಗಿಸಿದೆ. ಏಳುವಾಗ, "ನನಗೆ ವರ್ಗವಾಗಿದೆ, ಇನ್ನು ದಿನಾ ಬರೋಕಾಗಲ್ಲ" ಎಂದೆ.

ಅವಳು ಬೀಜ ಬಳಿದುಕೊಂಡು ಸೀತೆಯಾಟಕ್ಕೆ ಗುಳಿ ತುಂಬತೊಡಗಿದಳು. "ಅವತ್ತೇ ಇಷ್ಟು ಹೇಳಿದ್ರೆ ಸಾಕಿತ್ತಲ್ಲ ಸಿಸ್ಟರ್."

ಸೂಜಿ ಚುಚ್ಚುವ ಮೊದಲು ನೋಯುತ್ತದೆಂದು ರೋಗಿಗೆ ಹೇಳುವುದನ್ನು ಟ್ರೇನಿಂಗಿನಲ್ಲಿ ಕಲಿಸಿದ್ದರು. ಬಿಟ್ಟು ಹೋಗುವ ಮೊದಲೂ ಹೇಳಬೇಕೆಂದು ಅಂದು ಕಲಿತೆ. ಆ ಪಾಠ ನನ್ನದಾಯಿತು, ಮತ್ತೆ ಮೊದಲಿನಿಂದ ಸೂಜಿ ಚುಚ್ಚಿಸಿಕೊಂಡವಳು ಪಾರ್ವತಮ್ಮ.