ಕಾಕಾ ಹೇಳಿದ ಎಪಿಸೋಡ್

ಮೊನ್ನೆ ಮೆಲ್ಬರ್ನಿನ ಕ್ಲೈಡ್ ನಾರ್ತ್‌ನ ನಮ್ಮ ಮನೆಯಲ್ಲಿ ಬೇಳೆ ತಳ ಹತ್ತಿತು. "ಮಮ್, ಸಮ್‌ಥಿಂಗ್ಸ್ ಬರ್ನಿಂಗ್!" ಎಂದು ಮಗಳು ಕೂಗಿದಳು. ಓಡಿಹೋಗಿ ಒಲೆ ಆರಿಸಿ ಕಿಟಕಿ ತೆರೆದೆ. ಸೀದ ತೊಗರಿಬೇಳೆಯ ವಾಸನೆಯಲ್ಲಿ ಸುಮ್ಮನೆ ನಿಂತುಬಿಟ್ಟೆ. ಕ್ಲೇಟನ್‌ನ ಆ ಹಳೆಯ ಮನೆ, ಚಳಿಗಾಲದ ಶನಿವಾರದ ಸಂಜೆ, ಹೀಟರಿನ ಗುಂಯ್ ಸದ್ದು, ಸೋಫಾದ ತುದಿಯಲ್ಲಿ ಮಫ್ಲರ್ ಸುತ್ತಿಕೊಂಡು ಕೂತ ಕಾಕಾ...

ಎರಡು ಸಾವಿರದ ದಶಕದ ನಡುವಿನ ಮಾತು. ನಾನು ಹುಬ್ಬಳ್ಳಿಯಿಂದ ಓದಲು ಮೆಲ್ಬರ್ನಿಗೆ ಬಂದಿದ್ದೆ. ಕಾಕಾ ಅವರ ಕ್ಲೇಟನ್ ಮನೆಯ ಹಿಂದಿನ ಕೋಣೆಯಲ್ಲಿ ಬಾಡಿಗೆಗಿದ್ದೆ. ಅವರು ಧಾರವಾಡದವರು, ಇಂಗ್ಲೆಂಡಿನಲ್ಲಿ ಕೆಲವು ವರ್ಷ ಕೆಲಸ ಮಾಡಿ ಆಮೇಲೆ ಮೆಲ್ಬರ್ನಿಗೆ ಬಂದು ನೆಲೆಸಿದವರು. ಅವರ ಹೆಂಡತಿ, ಕಾಕು, ತೀರಿಹೋಗಿದ್ದರು. ಒಬ್ಬಳೇ ಮಗಳು ಸಿಡ್ನಿಯಲ್ಲಿದ್ದಳು. ಮೊದಲ ದಿನ ನಾನು ಅಂಕಲ್ ಎಂದಾಗ ಹುಬ್ಬು ಗಂಟಿಕ್ಕಿ, "ಅಂಕಲ್ ಗಿಂಕಲ್ ಇಲ್ಲಿ ನಡಿಯೂದಿಲ್ಲ. ಕಾಕಾ ಅನ್ನು, ಇಲ್ಲಾಂದ್ರ ಚಹಾ ಸಿಗೂದಿಲ್ಲ" ಎಂದಿದ್ದರು. ಚಹಾ ಇಲ್ಲದೆ ನಾನು ಬದುಕುವುದುಂಟೇ? ಅಂದಿನಿಂದ ಅವರು ನನ್ನ ಕಾಕಾ ಆದರು.

ಶನಿವಾರ ಸಂಜೆ ಟೀವಿಯಲ್ಲಿ ಹಳೆಯದೊಂದು ಬ್ರಿಟಿಷ್ ಹಾಸ್ಯ ಧಾರಾವಾಹಿ ಬರುತ್ತಿತ್ತು. ಯುದ್ಧದ ಕಾಲ, ಸೈನ್ಯಕ್ಕೆ ಹೋಗಲಾಗದ ವಯಸ್ಸಾದವರು ಸೇರಿ ಊರು ಕಾಯಲು ಒಂದು ದಳ ಕಟ್ಟಿಕೊಂಡಿರುತ್ತಾರೆ. ಶತ್ರು ಮಾತ್ರ ಬರುವುದೇ ಇಲ್ಲ. ಆ ಇಂಗ್ಲಿಷು ನನಗೆ ದೇವರಾಣೆ ತಿಳಿಯುತ್ತಿರಲಿಲ್ಲ. ಟೀವಿಯೊಳಗಿನ ಪ್ರೇಕ್ಷಕರು ನಕ್ಕಾಗ ನಾನೂ ನಗುತ್ತಿದ್ದೆ, ನಾನು ನಕ್ಕಾಗ ಕಾಕಾ ನಗುತ್ತಿದ್ದರು. ಮುಗಿದ ಮೇಲೆ ಚಹಾ ಕುಡಿಯುತ್ತ ಇಡೀ ಕಥೆಯನ್ನು ಧಾರವಾಡದ ಕನ್ನಡದಲ್ಲಿ ಇನ್ನೊಮ್ಮೆ ಹೇಳುತ್ತಿದ್ದರು. ಅವರ ಬಾಯಲ್ಲಿ ಆ ಬ್ರಿಟಿಷ್ ಮುದುಕರು ಧಾರವಾಡದ ಟಿಕಾರೆ ರಸ್ತೆಯಲ್ಲಿ ಕವಾಯತು ಮಾಡುತ್ತ, ಗಿರ್ಮಿಟ್ ತಿನ್ನುತ್ತ ಜರ್ಮನರ ದಾರಿ ಕಾಯುತ್ತಿದ್ದರು. ನಿಜವಾಗಿ ನಾನು ನಗುತ್ತಿದ್ದುದು ಆವಾಗಲೇ.

ಒಂದು ಮಧ್ಯಾಹ್ನ ಕ್ಲಾಸು ಮುಗಿಸಿ ಬಂದರೆ ಮನೆತುಂಬ ಹೊಗೆ. ಕುಕ್ಕರ್ ಕೂಗಿ ಕೂಗಿ ನೀರು ಆರಿ, ಬೇಳೆ ಕರಕಲಾಗಿತ್ತು. ಕಾಕಾ ಮುಂದಿನ ಕೋಣೆಯಲ್ಲಿ ಬಾಗಿಲು ಹಾಕಿಕೊಂಡು ಹಾಯಾಗಿ ಪೇಪರ್ ಓದುತ್ತಿದ್ದರು.

"ಸೀಟಿ ಕೇಳಸಲಿಲ್ಲೇನ್ರಿ ಕಾಕಾ?"

ಅವರು ನನ್ನ ತುಟಿಗಳನ್ನೇ ನೋಡುತ್ತಿದ್ದರು. ಅಯ್ಯೋ ದೇವರೇ ಎನಿಸಿತು. ಇಷ್ಟು ದಿನ ಶನಿವಾರದ ಜೋಕುಗಳು ನನಗೂ ತಿಳಿಯುತ್ತಿರಲಿಲ್ಲ, ಅವರಿಗೂ ಕೇಳುತ್ತಿರಲಿಲ್ಲ! ಇಂಗ್ಲೆಂಡಿನಲ್ಲಿದ್ದಾಗ ನೋಡಿದ ನೆನಪಿನಿಂದಲೇ ಕಥೆ ಹೇಳುತ್ತಿದ್ದರಂತೆ. ಕಿವಿಯ ಮಷೀನ್ ಇತ್ತಂತೆ, ಡ್ರಾವರಿನಲ್ಲಿ. ಹಾಕಿಕೊಂಡರೆ ತಲೆಯಲ್ಲಿ ಬರೀ ಗದ್ದಲವಂತೆ. "ಮಗಳಿಗೆ ಹೇಳಬ್ಯಾಡವಾ," ಎಂದು ಕೈ ಹಿಡಿದುಕೊಂಡರು. "ಹೇಳಿದ್ರ ಸಿಡ್ನಿಗೆ ಎಳಕೊಂಡು ಹೋಗ್ತಾಳ. ನಿಮ್ಮ ಕಾಕು ಇದ್ದ ಮನಿ ಇದು. ನಾ ಬಿಟ್ಟು ಬರಾಂವಲ್ಲ." ಅಂದಿನಿಂದ ನಾನು ಮನೆಯಲ್ಲಿದ್ದಾಗ ಮಾತ್ರ ಕುಕ್ಕರ್ ಇಡುವುದೆಂದು ನಮ್ಮಿಬ್ಬರ ಕರಾರಾಯಿತು. ಸೀಟಿ ಎಣಿಸುವ ಕೆಲಸ ನನ್ನದು.

ಮುಂದೆ ಒಂದು ಶನಿವಾರ ಕಾಕಾ ಅವರ ಮಗಳು ಸಿಡ್ನಿಯಿಂದ ಬಂದಳು. ನನಗಿಂತ ತುಂಬ ದೊಡ್ಡವಳು, ಅಕ್ಕಾ ಎನ್ನುತ್ತಿದ್ದೆ. ಮೂವರೂ ಟೀವಿ ಮುಂದೆ ಕೂತೆವು. ನಡುವೆ ಅವಳಿಗೆ ಸಿಡ್ನಿಯ ಮ್ಯಾಕ್ವೆರಿ ಪಾರ್ಕ್‌ನ ಆಫೀಸಿನಿಂದ ಫೋನ್ ಬಂತು. ರಿಮೋಟ್ ಒತ್ತಿ ಟೀವಿಯ ಸದ್ದು ನಿಲ್ಲಿಸಿ, ಎದ್ದು ಸೋಫಾದ ಹಿಂದೆ ಹೋಗಿ ಮಾತಿಗೆ ತೊಡಗಿದಳು. ಕಾಕಾ ಅದನ್ನು ನೋಡಲಿಲ್ಲ. ಪರದೆಯ ಮೇಲೆ ಮುದುಕರು ಸದ್ದಿಲ್ಲದೆ ಬಾಯಿ ಆಡಿಸುತ್ತಿದ್ದರು... ಕನಸಿನಲ್ಲಿ ಜನ ಮಾತಾಡುವ ಹಾಗೆ. ಕಾಕಾ ಎಂದಿನಂತೆ ನನ್ನತ್ತ ತಿರುಗಿದರು. ಈಗ ನಗಬೇಕೋ ಬೇಡವೋ ಎಂದು ಅವರ ಕಣ್ಣು ಕೇಳುತ್ತಿತ್ತು. ನಾನು ನಕ್ಕೆ, ಇನ್ನೇನು ಮಾಡಲಿ? ಅವರು ತೊಡೆ ತಟ್ಟಿ ನಕ್ಕು, "ಏನ್ ಡೈಲಾಗ್ ಹೊಡದಾ ನೋಡು ಮಗಾ!" ಎಂದರು.

ಅಕ್ಕನ ಮಾತು ಅರ್ಧಕ್ಕೇ ನಿಂತಿತು. "ಅಪ್ಪಾ," ಎಂದು ಹಿಂದಿನಿಂದ ಕರೆದಳು. ಕಾಕಾ ತಿರುಗಲಿಲ್ಲ. ಹತ್ತಿರ ಬಂದು ಭುಜ ಮುಟ್ಟಿದಾಗ ತಿರುಗಿ ಅವಳ ಕೈಯಲ್ಲಿದ್ದ ರಿಮೋಟ್ ನೋಡಿದರು, ಅವಳ ಮುಖ ನೋಡಿದರು. ಗುಟ್ಟು ಬಯಲಾಯಿತೆಂದು ಅವರಿಗೆ ತಿಳಿಯಿತು. ವಾದ ಮಾಡಲಿಲ್ಲ. ನಾನು ಚಹಾ ತಂದುಕೊಟ್ಟಾಗ ಎಂದಿನಂತೆ ಕಥೆ ಶುರು ಮಾಡಿದರು, ಆದರೆ ಮಗಳ ಕಡೆ ತಿರುಗಿ.

"ಇವತ್ತಿನ ಕಥಿ ಏನಂದ್ರ... ಆ ದಳದಾಗ ಒಬ್ಬ ಮುದುಕ ಇರ್ತಾನ, ಅವಗ ಕಿವಿ ಕೇಳೂದಿಲ್ಲ. ಸಾಹೇಬ ಬಲಕ್ಕ ತಿರುಗು ಅಂದ್ರ, ಇಂವಾ ಬಾಜೂದವನ ಕಾಲು ನೋಡಿ ತಿರಗತಾನ. ಒಂದಿನ ಸಾಹೇಬಗ ಗೊತ್ತಾತು. ಇನ್ನ ಇವನ್ನ ಕಳಸೇಬಿಡ್ತಾರ ಅಂತ ಎಲ್ಲಾರೂ ತಿಳಕೊಂಡ್ರು. ಸಾಹೇಬ ಏನಂದಾ ಗೊತ್ತೇನು? ಬಾಜೂಕ ಒಬ್ಬರು ಅದಾರಲ್ಲ, ತನ್ನ ಜಾಗಾದಾಗ ತಾನು ನಿಂದರಲಿ ಬಿಡ್ರಿ, ಅಂದ."

ಅಕ್ಕ ಅವರ ಕೈಯನ್ನು ತನ್ನ ಕೈಯೊಳಗೆ ತೆಗೆದುಕೊಂಡಳು. "ನೈಸ್ ಸ್ಟೋರಿ, ಅಪ್ಪಾ," ಎಂದಳು. ಹಿಡಿದ ಕೈ ಬಿಡದೆ, "ಬಟ್ ಯು ಆರ್ ಕಮಿಂಗ್ ವಿತ್ ಮಿ." ಅದು ಅರ್ಥವಾಗಲು ಕಾಕಾ ನನ್ನ ಮುಖ ನೋಡಬೇಕಾಗಲಿಲ್ಲ.

ಆ ಚಳಿಗಾಲ ಮುಗಿಯುವುದರೊಳಗೆ ಅವರು ಸಿಡ್ನಿಗೆ ಹೋದರು. ಫೋನಿನಲ್ಲಿ ಮಾತಾಡುವ ಹಾಗಿರಲಿಲ್ಲ. ಹಬ್ಬಹರಿದಿನಕ್ಕೆ ಅಕ್ಕನ ಮೂಲಕ ನಮಸ್ಕಾರ ಹೇಳಿಸುತ್ತಿದ್ದೆ, ಅಷ್ಟೇ. ಕೆಲವು ವರ್ಷಗಳ ನಂತರ ಅಕ್ಕನೇ ಫೋನ್ ಮಾಡಿದಳು. ಕಾಕಾ ಹೋಗಿಬಿಟ್ಟಿದ್ದರು.

"ಅಪ್ಪ ಹೇಳಿದ ಆ ಎಪಿಸೋಡ್..." ಎಂದಳು. "ಚಿಕ್ಕವಳಿದ್ದಾಗ ಅಪ್ಪನ ಜೋಡಿ ಎಲ್ಲಾ ನೋಡೀನಿ. ಆ ಥರ ಸೋಲ್ಜರ್ ಯಾರೂ ಇಲ್ಲ ಅದರಾಗ. ಐ ನ್ಯೂ. ಅಪ್ಪ ನನ್ನ ಕಡೆ ಏನು ಕೇಳ್ತಿದ್ರು ಅಂತ ಆವತ್ತೇ ಗೊತ್ತಿತ್ತು ನನಗ." ಯಾವಾಗಲೂ ಇಂಗ್ಲಿಷಿನಲ್ಲೇ ಉತ್ತರಿಸುತ್ತಿದ್ದವಳು ಅಷ್ಟು ಉದ್ದ ಕನ್ನಡ ಮಾತಾಡಿದ್ದನ್ನು ನಾನು ಕೇಳಿರಲೇ ಇಲ್ಲ. "ನಾ ತಪ್ಪು ಮಾಡಿದ್ನೇನ?"

"ಇಲ್ರಿ ಅಕ್ಕಾ, ನೀವು ಮಾಡಿದ್ದ ಬರೋಬರಿ ಅದ," ಎಂದೆ. ಸುಮ್ಮನೆ ಸಮಾಧಾನಕ್ಕೆ ಹೇಳಿದ್ದಲ್ಲ. ನಾನೇನು ಆ ಮನೆಯಲ್ಲಿ ಶಾಶ್ವತವೇ? ಕೋರ್ಸು ಮುಗಿದರೆ ಕೆಲಸ ಸಿಕ್ಕ ಕಡೆ ಹೊರಡುವವಳು. ಅಕ್ಕನಿಗೆ ಆಫೀಸು ಸಿಡ್ನಿಯಲ್ಲಿ. ಇಷ್ಟೆಲ್ಲ ಗೊತ್ತಿದ್ದೂ ಇವತ್ತಿಗೂ ಆ ಪ್ರಶ್ನೆ ನನ್ನನ್ನು ಬಿಟ್ಟಿಲ್ಲ. ಕಾಕಾ ಕೇಳಿದ್ದು ತನ್ನ ಮನೆಯಲ್ಲಿ ತಾನಿರಲು ಪಕ್ಕಕ್ಕೊಬ್ಬರನ್ನು, ಅಷ್ಟೇ. ಅವರನ್ನು ಅಷ್ಟೊಂದು ಪ್ರೀತಿಸುತ್ತಿದ್ದೆವು ನಾವಿಬ್ಬರೂ. ಆ ಮನೆಯಲ್ಲಿ ಉಳಿಯಲು ಮಾತ್ರ ಇಬ್ಬರಿಗೂ ಆಗಲಿಲ್ಲ.