ಬೇಲಿಯಮ್ಮ

ಬೇಲಿಯಮ್ಮನನ್ನು ಕಂಡರೆ ನನಗೆ ಆಗುತ್ತಿರಲಿಲ್ಲ. ನನಗೆ ಮಾತ್ರವಲ್ಲ, ಆಫೀಸಿನಲ್ಲಿ ಯಾರಿಗೂ ಆಗುತ್ತಿರಲಿಲ್ಲ. ಎದುರಿಗೆ ಸಿಕ್ಕರೆ ನಗುತ್ತಿರಲಿಲ್ಲ, ಕೇಳಿದ್ದಕ್ಕೆ ನೆಟ್ಟಗೆ ಉತ್ತರ ಕೊಡುತ್ತಿರಲಿಲ್ಲ, ಕೇಳದೇ ಇದ್ದದ್ದನ್ನು ಮುಖಕ್ಕೆ ಹೊಡೆದಂತೆ ಹೇಳುತ್ತಿದ್ದಳು. ಯಾರಾದರೂ ಮರೆತು ಅವಳ ಮೇಜಿನ ಮೇಲೆ ಟೀ ಲೋಟ ಇಟ್ಟರೆ, ಅದನ್ನು ಎತ್ತಿಕೊಂಡು ಹೋಗಿ ಅವರ ಕೀಬೋರ್ಡಿನ ಮೇಲೆ ಇಟ್ಟು ಬರುತ್ತಿದ್ದಳು. ಅಂಥ ಹೆಂಗಸು.

ನಾವು ಆಸ್ಪತ್ರೆಗಳಿಗೆ ಡ್ರಿಪ್ ಯಂತ್ರ ಮಾಡುವವರು. ರೋಗಿಯ ಮೈಗೆ ಔಷಧ ಯಾವ ವೇಗದಲ್ಲಿ ಇಳಿಯಬೇಕು ಎಂಬುದನ್ನು ಒಳಗಿನ ಪ್ರೋಗ್ರಾಂಗಳು ನೋಡಿಕೊಳ್ಳುತ್ತವೆ. ಪರದೆಯದನ್ನು ಒಬ್ಬರು ಬರೆದರೆ ಅಲಾರಂನದನ್ನು ಇನ್ನೊಬ್ಬರು ಬರೆಯುತ್ತಿದ್ದರು. ಆದರೆ ಎಲ್ಲರ ಪ್ರೋಗ್ರಾಂಗಳೂ ಹಂಚಿಕೊಂಡು ಬಳಸಬೇಕಿದ್ದದ್ದು ಬೇಲಿಯಮ್ಮ ಬರೆದಿಟ್ಟ ಒಂದೇ ಲೈಬ್ರರಿ, ಅಂದರೆ ಸಿದ್ಧ ಕೋಡಿನ ಕಟ್ಟು. ಯಾವ ಪ್ರೋಗ್ರಾಂ ತನ್ನ ಅಂಕಿಅಂಶ ಇಟ್ಟುಕೊಳ್ಳಲು ಮೆಮೊರಿ ಕೇಳಿದರೂ ಅದು ಎರಡೂ ಬದಿಗೆ ಬೇಲಿ ಹಾಕಿಯೇ ಜಾಗ ಕೊಡುತ್ತಿತ್ತು; ಅವಳಿಗೆ ನಾವು ಆ ಹೆಸರಿಟ್ಟದ್ದು ಅದಕ್ಕೇ. ಬೇಲಿ ದಾಟಿ ಬರೆದರೂ, ಕೆಲಸ ಮುಗಿದು ಹಿಂದಕ್ಕೆ ಕೊಟ್ಟ ಜಾಗವನ್ನು ಮತ್ತೆ ಮುಟ್ಟಿದರೂ ಪ್ರೋಗ್ರಾಂ ಅಲ್ಲೇ ನಿಲ್ಲುತ್ತಿತ್ತು. ಪರದೆಯ ಮೇಲೆ ತಪ್ಪು ಮಾಡಿದವರ ಹೆಸರು, ಸಾಲಿನ ಸಂಖ್ಯೆ, ಕೆಳಗೆ ಅವಳದೇ ಮಾತು: 'ಇದು ನಿನ್ನದಲ್ಲ. ಕೈ ತೆಗೆ.' ಇಡೀ ಕೋಣೆ ಅದನ್ನು ಓದಿ ಹಲ್ಲು ಕಿರಿಯುತ್ತಿತ್ತು.

ಹಿಂದಕ್ಕೆ ಕೊಟ್ಟ ಮೆಮೊರಿಯನ್ನು ಒಮ್ಮೆ ಇಣುಕಿ ನೋಡಿದರೆ ಯಾರ ಗಂಟು ಹೋಗುತ್ತದೆ ಎಂದು ನಾನು ಒಮ್ಮೆ ಕೇಳಿದ್ದೆ. ಅವಳು ತಲೆ ಎತ್ತದೆಯೇ ಹೇಳಿದಳು.

"ಬಾಡಿಗೆ ಮನೆ ಖಾಲಿ ಮಾಡ್ತೀಯ. ಹಳೇ ಕೀಲಿ ನಿನ್ನ ಹತ್ರಾನೇ ಇರುತ್ತೆ. ಒಂದಿನ ಬಾಗಿಲು ತೆಗೆದು ಒಳಗೆ ಹೋಗಿ ಮಲಗ್ತೀಯ. ಮನೆ ಖಾಲಿ ಇದ್ರೆ ಯಾರಿಗೂ ಗೊತ್ತಾಗಲ್ಲ. ಅಷ್ಟರಲ್ಲಿ ಬೇರೆಯವರು ಬಂದು ಸೇರಿದ್ರೆ?"

ಆಮೇಲೆ, ಇಷ್ಟೂ ಗೊತ್ತಿಲ್ಲದವರನ್ನು ಕೆಲಸಕ್ಕೆ ತೆಗೆದುಕೊಂಡವರು ಯಾರು ಎಂದು ಕೋಣೆಗೆಲ್ಲ ಕೇಳುವಂತೆ ವಿಚಾರಿಸಿದಳು.

ತೆಗೆದುಕೊಂಡವರು ಯಜಮಾನರು, ಅವಳ ಅಕ್ಕನ ಗಂಡ. ಬೇಲಿಯಮ್ಮನಿಗೆ ಮದುವೆಯಿಲ್ಲ, ಹೆತ್ತವರಿಲ್ಲ. ಅಕ್ಕನ ಮನೆಯ ಮಹಡಿಯ ಕೋಣೆಯೇ ಅವಳ ಮನೆ. ಹಾಗೆಂದು ಭಾವನಿಗೇನೂ ರಿಯಾಯಿತಿ ಇರಲಿಲ್ಲ. ಪಂಪಿನ ಪ್ರೋಗ್ರಾಂ ಯಜಮಾನರೇ ಕೂತು ಬರೆದದ್ದು, ಅದನ್ನು ಮುಟ್ಟುವ ಧೈರ್ಯ ಯಾರಿಗೂ ಇಲ್ಲ. ಪರೀಕ್ಷೆಗೆಂದು ಯಂತ್ರಕ್ಕೆ ಎರಡನೆಯ ರೋಗಿಯ ವಿವರ ಹಾಕಿದಾಗಲೆಲ್ಲ ಲೈಬ್ರರಿ ಅವರ ಹೆಸರು ಹಿಡಿದು ನಿಲ್ಲಿಸುತ್ತಿತ್ತು. ಕೆಲಸಗಾರರ ಮುಂದೆ ಆದ ಈ ಮುಖಭಂಗ ಅವರ ಹೊಟ್ಟೆ ಉರಿಸಿತು. ತಪ್ಪು ತಿದ್ದುವ ಬದಲು, ಪ್ರತಿ ರೋಗಿಗೂ ಯಂತ್ರ ಆರಿಸಿ ಹೊಸದಾಗಿ ಶುರು ಮಾಡಿ ಎಂದು ನಮಗೆ ಅಪ್ಪಣೆ ಮಾಡಿದರು. ನಾವೂ ಕುರಿಗಳಂತೆ ಹಾಗೇ ಮಾಡಿದೆವು.

ದೊಡ್ಡ ಆಸ್ಪತ್ರೆಯ ಡಾಕ್ಟರಮ್ಮ ಯಂತ್ರ ನೋಡಲು ಬರುವ ದಿನ ಗೊತ್ತಾಯಿತು. ಅದರ ಹಿಂದಿನ ವಾರ ಲೈಬ್ರರಿ ಒಂದು ಸಲವೂ ಯಾರನ್ನೂ ನಿಲ್ಲಿಸಲಿಲ್ಲ. ನಮಗೆಲ್ಲ ಹಾಯೆನಿಸಿತ್ತು, ಬೇಲಿಯಮ್ಮನ ಮುಖ ಮಾತ್ರ ಗಂಟಿಕ್ಕುತ್ತಾ ಹೋಯಿತು.

"ವಾರವಿಡೀ ಒಂದು ತಪ್ಪೂ ಇಲ್ಲ," ಎಂದಳು. "ನೀವೆಲ್ಲ ಯಾವಾಗ ಬುದ್ಧಿವಂತರಾದ್ರಿ?"

ನಮ್ಮ ಯೋಗ್ಯತೆಯ ಮೇಲೆ ಅವಳಿಗಿದ್ದ ಅಪನಂಬಿಕೆಯೇ ಮೋಸವನ್ನು ಹಿಡಿಯಿತು. ತನ್ನ ಲೈಬ್ರರಿಯ ಫೈಲು ತೆರೆದು ನೋಡಿದಳು. ಹೆಸರು ಅದೇ, ಹೊರಗಿನ ವೇಷ ಅದೇ, ಒಳಗೆ ಏನೂ ಇಲ್ಲ. ಯಾವ ಪ್ರೋಗ್ರಾಂ ಏನು ಕೇಳಿದರೂ 'ಎಲ್ಲ ಸರಿ' ಎನ್ನುವ ಪೊಳ್ಳು ಲೈಬ್ರರಿ. ಅದನ್ನು ಬದಲಾಯಿಸುವ ಅಧಿಕಾರ ಇದ್ದದ್ದು ಅವಳನ್ನು ಬಿಟ್ಟರೆ ಯಜಮಾನರಿಗೆ ಮಾತ್ರ.

ಅವಳು ಅವರ ಕೋಣೆಗೆ ಹೋಗಿ ಜಗಳವಾಡಿ ಬಂದಳು. ಸಂಜೆ ಅಕ್ಕ ಆಫೀಸಿಗೇ ಬಂದು ತಂಗಿಯನ್ನು ಮೆಟ್ಟಿಲ ಬಳಿ ನಿಲ್ಲಿಸಿಕೊಂಡಳು. ನಾನು ಪಕ್ಕದಲ್ಲೇ ನೀರು ಹಿಡಿಯುತ್ತಿದ್ದೆ.

"ಈ ಯಂತ್ರ ಹೋಗ್ಲಿಲ್ಲ ಅಂದ್ರೆ ನಾವು ಬೀದಿಗೆ ಬೀಳ್ತೀವಿ. ನಾಳೆ ನೀನು ಬಾಯಿ ಬಿಟ್ರೆ ಮತ್ತೆ ನನ್ನ ಮನೆಗೆ ಕಾಲಿಡಬೇಡ."

ಬೇಲಿಯಮ್ಮ ನೆಟ್ಟಗೆ ಬಂದು ತನ್ನ ಮೇಜಿನ ಮುಂದೆ ಕೂತಳು.

ಮರುದಿನ ಡಾಕ್ಟರಮ್ಮನ ಮುಂದೆ ಬಾಟಲಿಗೆ ಬಣ್ಣದ ನೀರು ತುಂಬಿ, ಕೊಳವೆಯ ತುದಿಗೆ ಬಕೆಟ್ ಇಟ್ಟೆವು. ಮೊದಲ ರೋಗಿಗೆಂದು ವೇಗ ಹೆಚ್ಚಿಗೆ ಇಟ್ಟಾಗ ಹನಿಗಳು ದಡದಡ ಇಳಿದವು. ಎಲ್ಲ ಚೆನ್ನಾಗಿತ್ತು. ಯಜಮಾನರು ಅಭ್ಯಾಸಬಲದಿಂದ ಯಂತ್ರ ಆರಿಸಲು ಕೈ ಚಾಚಿದರು.

"ಆರಿಸಬೇಡಿ ಭಾವ," ಎಂದಳು ಬೇಲಿಯಮ್ಮ. "ಹಾಗೇ ಎರಡನೇ ರೋಗೀನ ಹಾಕಿ."

ಅದೆಲ್ಲ ಬೇಕಿಲ್ಲ ಎಂದು ಅವರು ಗೊಣಗಿದರು. ಬೇಕು ಎಂದರು ಡಾಕ್ಟರಮ್ಮ. ಹೊಸ ರೋಗಿಗೆ ಅತಿ ನಿಧಾನದ ವೇಗ ಇಟ್ಟೆವು. ಪರದೆಯೂ ನಿಧಾನ ಎಂದೇ ತೋರಿಸಿತು. ಬಕೆಟ್ಟಿಗೆ ಮಾತ್ರ ಹನಿಗಳು ಮೊದಲಿನಂತೆಯೇ ದಡದಡ ಬೀಳುತ್ತಿದ್ದವು. ಪಂಪಿನ ಪ್ರೋಗ್ರಾಂ ಮೊದಲ ರೋಗಿ ಬಿಟ್ಟುಕೊಟ್ಟ ಮೆಮೊರಿಯಲ್ಲೇ ಇಣುಕಿ ಹಳೆಯ ವೇಗವನ್ನು ಓದುತ್ತಿತ್ತು. ಕೊಳವೆ ಸಡಿಲವಾಗಿದೆ ಎಂದರು ಯಜಮಾನರು. ಬೇಲಿಯಮ್ಮ ತನ್ನ ನಿಜವಾದ ಲೈಬ್ರರಿ ಹಾಕಿ ಇಬ್ಬರು ರೋಗಿಗಳನ್ನೂ ಮತ್ತೆ ಸಾಲಾಗಿ ಹಾಕಿದಳು. ಎರಡನೆಯವನಿಗೆ ಯಂತ್ರ ನಿಂತಿತು. ಪರದೆಯ ಮೇಲೆ ಯಜಮಾನರ ಹೆಸರು, ಕೆಳಗೆ 'ಇದು ನಿನ್ನದಲ್ಲ. ಕೈ ತೆಗೆ.'

ಡಾಕ್ಟರಮ್ಮ ಬಕೆಟ್ ನೋಡಿದರು, ಯಜಮಾನರನ್ನು ನೋಡಿದರು, ಚೀಲ ಎತ್ತಿಕೊಂಡು ಹೊರಟುಹೋದರು. ಉಂಡ ಮನೆಗೇ ಎರಡು ಬಗೆದೆಯಲ್ಲ ಎಂದು ಯಜಮಾನರು ನಾದಿನಿಯ ಮೇಲೆ ಎಲ್ಲರೆದುರು ಹಾರಾಡಿದರು. ಅವಳ ಪರವಾಗಿ ಒಂದು ಮಾತು ಆಡುವ ಗಂಡಸಾಗಲಿ ಹೆಂಗಸಾಗಲಿ ನಮ್ಮಲ್ಲಿ ಇರಲಿಲ್ಲ. ಅವಳೂ ನಮ್ಮಿಂದ ಅಂಥದ್ದೇನನ್ನೂ ನಿರೀಕ್ಷಿಸಿದಂತೆ ಕಾಣಲಿಲ್ಲ.

ಮಾರನೆಯ ಬೆಳಿಗ್ಗೆ ಅವಳು ಬಟ್ಟೆಯ ಚೀಲದ ಸಮೇತ ಬಂದು ಮೇಜು ಖಾಲಿ ಮಾಡಿದಳು. ಹೋಗುವಾಗ ಮಹಡಿಯ ಕೋಣೆಯ ಕೀಲಿಯನ್ನು ನನ್ನ ಕೀಬೋರ್ಡಿನ ಮೇಲೆ ಇಟ್ಟು, ಅಕ್ಕನಿಗೆ ತಲುಪಿಸು ಎಂದಳು. ಅವಳ ಮೇಲೆ ಸಿಟ್ಟಿದ್ದರೂ ನಾನು ಕೀಲಿಯನ್ನು ತಿರುಗಿ ಅವಳತ್ತ ಚಾಚಿದೆ. ಒಡಹುಟ್ಟಿದವರ ಕೋಪ, ನಾಲ್ಕು ದಿನಕ್ಕೆ ತಣ್ಣಗಾಗುತ್ತದೆ, ಕೀಲಿ ನಿಮ್ಮ ಹತ್ತಿರವೇ ಇರಲಿ ಎಂದೆ.

ನನ್ನ ಪ್ರೋಗ್ರಾಂ ಓದುವಾಗ ನೋಡುತ್ತಿದ್ದಳಲ್ಲ, ಹಾಗೇ ನನ್ನನ್ನು ನೋಡಿದಳು.

"ಖಾಲಿ ಮಾಡಿದ ಮನೆ ಕೀಲಿ ಇಟ್ಕೋಬಾರ್ದು," ಎಂದಳು. "ನಿನಗೆ ಎಷ್ಟು ಸಲ ಹೇಳ್ಬೇಕು?"