ಇಳಿಸುವ ಕೈ

ಮೊನ್ನೆ ಕಲಬುರಗಿಯ ಸೇಡಂ ರಸ್ತೆಯ ಒಂದು ಔಷಧಿ ಅಂಗಡಿಯ ಮುಂದೆ ನಿಂತಿದ್ದೆ. ಅಂಗಡಿಯ ಮೇಲಿನ ಮಹಡಿಯಲ್ಲಿ ಜಿಮ್ ಇದೆ. ಅಲ್ಲಿ ಯಾರೋ ಭಾರ ಎತ್ತಿ, ಒಂದು ಹೂಂಕಾರ ಹಾಕಿ, ಧಡಮ್ಮನೆ ನೆಲಕ್ಕೆ ಬಿಟ್ಟ. ಕಪಾಟಿನೊಳಗಿನ ಟಾನಿಕ್ ಸೀಸೆಗಳೆಲ್ಲ ಗಲಗಲ ನಡುಗಿದವು. ಅಂಗಡಿಯವರು ಬೇಸರದಿಂದ ಮೇಲೆ ನೋಡಿದರು. ನಾನೂ ನೋಡಿದೆ, ಆದರೆ ನನ್ನ ಬೇಸರವೇ ಬೇರೆ. ಈ ಪುಣ್ಯಾತ್ಮ ಅರ್ಧ ಕೆಲಸ ಮಾಡಿ ಅರ್ಧ ಬಿಟ್ಟುಬಿಟ್ಟನಲ್ಲ ಎಂದು ಹೊಟ್ಟೆ ಉರಿಯಿತು. ಹೇಳಿಯೇ ಬರೋಣವೆಂದು ಮೆಟ್ಟಿಲವರೆಗೂ ಹೋದೆ. ಪುಂಡಿಪಲ್ಲೆ ಸೊಪ್ಪಿನ ಕಟ್ಟು ಹಿಡಿದು ಬಂದ ಹೆಂಗಸಿನ ಮಾತನ್ನು ಅಲ್ಲಿ ಯಾರು ಕೇಳುತ್ತಾರೆ ಎಂದು ಹೊಳೆದು ತಿರುಗಿ ಬಂದೆ. ಬಾಯಿಗೆ ಬಂದ ಮಾತನ್ನು ನುಂಗಿ ಅರಗಿಸಿಕೊಳ್ಳುವ ಶಕ್ತಿ ನನಗಿಲ್ಲ, ಆದ್ದರಿಂದ ನಿಮಗಾದರೂ ಹೇಳುತ್ತೇನೆ.

ಎತ್ತುವುದಕ್ಕೆ ಬಲ ಬೇಕು, ಇಳಿಸುವುದಕ್ಕೆ ಏನು ಬೇಕು, ಬಿಟ್ಟರೆ ತಾನೇ ಇಳಿಯುತ್ತದೆ ಎಂದು ನಾನೂ ತಿಳಿದಿದ್ದೆ. ಆ ತಿಳಿವಳಿಕೆಯನ್ನು ಕೆಡಿಸಿದ್ದು ಒಂದು ಹಂದಿ. ಕೆಲವು ವರ್ಷಗಳ ಹಿಂದೆ ಮನೆಯವರ ಸ್ಕೂಟರಿನ ಹಿಂದೆ ಕೂತು ಇದೇ ರಸ್ತೆಯಲ್ಲಿ ಬರುತ್ತಿದ್ದಾಗ ಅದು ಅಡ್ಡ ಬಂತು. ಹಂದಿಗೆ ಏನೂ ಆಗಲಿಲ್ಲ. ಮನೆಯವರಿಗೆ ಮೊಣಕೈ ತರಚಿತು. ನಾನು ಬಲಭುಜದ ಮೇಲೆ ಬಿದ್ದೆ. ಮೂಳೆ ಮುರಿದಿಲ್ಲ ಎಂದು ಡಾಕ್ಟರು ಹೇಳಿದ್ದನ್ನು ಮನೆಮಂದಿಯೆಲ್ಲ ಕೇಳಿಸಿಕೊಂಡರು, ಭುಜದೊಳಗಿನ ಒಂದು ಸ್ನಾಯುವಿನ ತುದಿ ಅರ್ಧ ಹರಿದಿದೆ ಎಂದದ್ದನ್ನು ಯಾರೂ ಕೇಳಿಸಿಕೊಳ್ಳಲಿಲ್ಲ. ಕೆಲವು ವಾರಗಳಲ್ಲಿ ಕೈ ಹೇಗೋ ಮೇಲಕ್ಕೆ ಹೋಗತೊಡಗಿತು. ಕೆಳಗೆ ಬರುವಾಗ ಮಾತ್ರ ಭುಜದ ಮಟ್ಟದವರೆಗೆ ಮರ್ಯಾದೆಯಿಂದ ಬಂದು, ಅಲ್ಲಿಂದ ನನ್ನದಲ್ಲವೆಂಬಂತೆ ದಬ್ಬನೆ ಬೀಳುತ್ತಿತ್ತು.

ದೀಪಾವಳಿಗೆ ತವರಿಗೆ ಹೋದೆ. ನನ್ನ ತವರು ಕಮಲಾಪುರ, ಕೆಂಪು ಬಾಳೆಹಣ್ಣಿನ ಊರು. ಅಡುಗೆಮನೆಯ ಹಲಗೆಯ ಮೇಲಿದ್ದ ತುಪ್ಪದ ಬೋಗುಣಿಯನ್ನು ಜಂಬದಿಂದ ನಾನೇ ಇಳಿಸಲು ಹೋದೆ. ಕೈ ಜಾರಿತು. ಬೋಗುಣಿ ಗೀತಾಳ ಕಾಲ ಹತ್ತಿರ ಬಿತ್ತು. ಗೀತಾ ನನ್ನ ತಮ್ಮ ಶರಣುವಿನ ಹೆಂಡತಿ. ಮದುವೆಯಾಗಿ ಎಷ್ಟೋ ವರ್ಷ ಕಾದ ಮೇಲೆ ಆಗ ಅವಳು ಬಸುರಿ. ಅವ್ವ ಬಗ್ಗಿ ತುಪ್ಪ ಬಳಿದಳು. ಊಟವಾದ ಮೇಲೆ ಎಲೆಗೆ ಸುಣ್ಣ ಹಚ್ಚುತ್ತ, ನನ್ನ ಮುಖ ನೋಡದೆ ಹೇಳಿದಳು, "ಕೂಸಿಗಿ ತೊಟ್ಟಿಲಿಗಿ ಹಾಕೋದು ನಿಮ್ಮ ಕಾಕನ ಮಗಳು ಸುಮಿತ್ರಾ ಮಾಡ್ಲಿ. ನೀ ಬಾಜೂಕ ನಿಂದುರು."

ಈ ಮಾತಿನ ಪೆಟ್ಟು ನಿಮಗೆ ತಿಳಿಯಬೇಕಾದರೆ ನಮ್ಮ ಕಡೆಯ ರೂಢಿ ಹೇಳಬೇಕು. ಕೂಸನ್ನು ತೊಟ್ಟಿಲಿಗೆ ಹಾಕಿ ಕಿವಿಯಲ್ಲಿ ಹೆಸರು ಹೇಳುವವಳು ಸೋದರತ್ತೆ, ಎಂದರೆ ತಂದೆಯ ಅಕ್ಕ ಅಥವಾ ತಂಗಿ. ಶರಣುವಿಗೆ ಇರುವವಳು ನಾನೊಬ್ಬಳೇ. ಅವನು ಹುಟ್ಟಿದಾಗ ಲಂಗ ಹಾಕಿಕೊಂಡು ಅವನನ್ನು ಸೊಂಟದ ಮೇಲೆ ಹೊತ್ತು ತಿರುಗಿದವಳು ನಾನು. ಅವನ ಕೂಸಿನ ಹೆಸರನ್ನು ಸುಮಿತ್ರಾ ಹೇಳುವುದೇ? ಸುಮಿತ್ರಾಳ ಮೇಲೆ ನನಗೆ ಸಿಟ್ಟಿರಲಿಲ್ಲ ಎಂದರೆ ಸುಳ್ಳಾಗುತ್ತದೆ, ಇತ್ತು. ಕಲಬುರಗಿ ಬಸ್ಸಿನಲ್ಲಿ ಕಿಟಕಿಯ ಕಡೆ ಮುಖ ಮಾಡಿ ಅತ್ತೆ. ಅವ್ವನ ಮಾತಿನಲ್ಲಿ ತಪ್ಪೇ ಇರಲಿಲ್ಲ, ನನ್ನನ್ನು ಹೆಚ್ಚು ಅಳಿಸಿದ್ದು ಅದೇ.

ಮರುವಾರ ನಸ್ರೀನ್ ಮೇಡಂ ಹತ್ತಿರ ಹೋದೆ. ನಮ್ಮ ಮನೆಯ ಹತ್ತಿರವೇ ಫಿಜಿಯೋಥೆರಪಿ ಕ್ಲಿನಿಕ್ ಇಟ್ಟಿದ್ದವರು. ನಗುಮುಖ, ಆದರೆ ಹಟದಲ್ಲಿ ನನಗಿಂತ ಒಂದು ತೂಕ ಹೆಚ್ಚು. ನನ್ನ ಕೈ ಮೇಲೆತ್ತಿಸಿ, ಬಿಡಿಸಿ, ಅದು ಬೀಳುವುದನ್ನು ನೋಡಿದರು.

"ಅಕ್ಕಾರ, ಎತ್ತೂವಾಗ ಸ್ನಾಯು ಗಿಡ್ಡ ಆಗಿ ಜಗ್ಗತದ. ಇಳಸೂವಾಗ ಅದೇ ಸ್ನಾಯು ಉದ್ದ ಆಕ್ಕೋತ, ಹಿಡತ ಬಿಡದಂಗ ಭಾರಕ್ಕ ತಡೀತದ. ಮಾಳಿಗಿ ಮ್ಯಾಲಿಂದ ತುಂಬಿದ ಕೊಡ ಹಗ್ಗ ಕಟ್ಟಿ ಇಳಸ್ತೀರಲ್ಲ, ಹಗ್ಗ ಬಿಡತಾ ಬಿಡತಾನೇ ಹಿಡದಿರ್ತೀರಿ, ಹಂಗ. ನಿಮಗ ಆ ತಡಿಯೋ ಶಕ್ತಿ ಕಮ್ಮಿ ಆಗ್ಯಾದ."

"ಹಂಗಾರ ಎತ್ತೋದು ಕಲಸ್ರಿ, ಇಳಸೋದು ತಾನೇ ಬರ್ತದ," ಎಂದೆ.

"ಉಲ್ಟಾ ರೀ. ಎತ್ತಲಾರದಷ್ಟು ಭಾರನೂ ಸ್ನಾಯು ಇಳಸಬಲ್ಲದು. ಇಳಸೋದೇ ಕಲೀರಿ, ಎತ್ತೋದು ಹಿಂದಿಂದ ಬರ್ತದ."

ಹೀಗೆ ಶುರುವಾಯಿತು ನನ್ನ ವಿದ್ಯಾಭ್ಯಾಸ. ಎಡಗೈಯಿಂದ ಬಲಗೈಯನ್ನು ಮೇಲಕ್ಕೆ ಕಳಿಸುವುದು, ಎಡಗೈ ತೆಗೆದು ಬಲಗೈ ಒಂದನ್ನೇ ನಿಧಾನವಾಗಿ ಕೆಳಕ್ಕೆ ತರುವುದು. ಮೊದಲು ಬರಿಗೈ, ಆಮೇಲೆ ನೀರಿನ ಬಾಟಲಿ. ನಿಧಾನವೆಂಬುದು ನನ್ನ ಜಾತಕದಲ್ಲೇ ಇಲ್ಲ. ಕುಕ್ಕರ್ ಕೂಗುವ ಮೊದಲೇ ನಾನು ಕೂಗುವವಳು. "ಗಾಡಿ ತಪ್ಪತದೇನ್ರಿ ಅಕ್ಕಾರ? ಸಾವಕಾಶ," ಎನ್ನುತ್ತಿದ್ದರು ನಸ್ರೀನ್. ಇಳಿಸುವಾಗ ಉಬ್ಬಸವೂ ಬರುತ್ತಿರಲಿಲ್ಲ, ಬೆವರೂ ಬರುತ್ತಿರಲಿಲ್ಲ. ಇದೂ ಒಂದು ಕಸರತ್ತೇ ಎಂದು ಮನಸ್ಸಿನಲ್ಲೇ ನಕ್ಕೆ.

ನಕ್ಕದ್ದಕ್ಕೆ ಶಿಕ್ಷೆ ತಡವಾಗಿ ಬಂತು. ಬಾಟಲಿ ಹಿಡಿದ ದಿನ ಏನೂ ಇಲ್ಲ, ಒಂದು ದಿನ ಬಿಟ್ಟು ಭುಜ, ತೋಳು ಎಲ್ಲ ಕಟ್ಟಿಗೆಯಂತೆ ಬಿಗಿದವು, ಜಡೆ ಹಾಕಿಕೊಳ್ಳಲಾಗಲಿಲ್ಲ. ಅವ್ವನಿಗೆ ಫೋನು ಮಾಡಿದೆ. "ದೃಷ್ಟಿ ಆಗ್ಯಾದ. ಕಸರತ್ತು ಮಾಡ್ತೀನಂತ ಓಣಿತುಂಬ ಹೇಳ್ಕೋತ ತಿರಿಗಿದೆಲ್ಲ," ಎಂದು ಅಲ್ಲಿಂದಲೇ ತೀರ್ಪು ಕೊಟ್ಟಳು. ಫೋನಿನಲ್ಲೇ ಅಳಿಯನಿಗೆ ಹೇಳಿಕೊಟ್ಟು ಉಪ್ಪು, ಒಣಮೆಣಸಿನಕಾಯಿ ನಿವಾಳಿಸಿ ಒಲೆಗೆ ಹಾಕಿಸಿದಳು. ಘಾಟು ಬರದಿದ್ದರೆ ದೃಷ್ಟಿ, ಬಂದರೆ ದೃಷ್ಟಿಯಲ್ಲ ಎಂಬುದು ಅವಳದೇ ಶಾಸ್ತ್ರ. ಮನೆಯವರು ಬ್ಯಾಡಗಿ ಮೆಣಸಿನಕಾಯಿ ಬಿಟ್ಟು ಖಾರದ ಗುಂಟೂರಿನವನ್ನು ಒಂದು ಮುಷ್ಟಿ ಹಾಕಿದರು. ನಾವಿಬ್ಬರೂ ಕೆಮ್ಮುತ್ತ ಅಂಗಳಕ್ಕೆ ಓಡಿದೆವು. ದೃಷ್ಟಿಯಂತೂ ಅಲ್ಲವೆಂದು ಖಾತ್ರಿಯಾಯಿತು. ನಸ್ರೀನ್ ಮೇಡಂ ಕೇಳಿ ಕಣ್ಣೀರು ಬರುವಂತೆ ನಕ್ಕರು. ಇಳಿಸುವ ಕೆಲಸದ ನೋವು ಬರುವುದೇ ಹೀಗಂತೆ, ಒಂದೆರಡು ದಿನ ತಡವಾಗಿ. ಅದು ಇಳಿದ ಮೇಲೆ ಸ್ನಾಯು ಮೊದಲಿಗಿಂತ ಗಟ್ಟಿಯಾಗುತ್ತದೆ, ಅದೇ ಭಾರಕ್ಕೆ ಮತ್ತೆ ಅಷ್ಟು ನೋಯುವುದಿಲ್ಲ. ಅವರು ಬಾಟಲಿ ಸಣ್ಣದು ಮಾಡಿದರು, ಕಸರತ್ತು ಬಿಡಿಸಲಿಲ್ಲ.

ತಿಂಗಳುಗಳು ಕಳೆದಂತೆ ಕೈ ಬೀಳುವುದನ್ನು ನಿಲ್ಲಿಸಿತು. ಆಗ ನನಗೊಂದು ಉಪಾಯ ಹೊಳೆಯಿತು. ತೊಟ್ಟಿಲಿಗೆ ಕೂಸಿಗಿಂತ ಮೊದಲು ಒರಳಿನ ಗುಂಡಕಲ್ಲನ್ನು ಹಾಕುವುದು ನಮ್ಮ ಪದ್ಧತಿ. ಕಲ್ಲಿಗೆ ಕುಲಾಯಿ ತೊಡಿಸಿ, ಬಟ್ಟೆ ಸುತ್ತಿ, ಕೂಸಿನಂತೆಯೇ ಮಲಗಿಸುತ್ತಾರೆ, ಕಲ್ಲಿನಂತೆ ಗಟ್ಟಿಯಾಗಿ ಬಾಳಲಿ ಎಂದು. ನನಗೆ ಬೇಕಾಗಿದ್ದ ಭಾರ ಮನೆಯಲ್ಲೇ ಇತ್ತು! ನಸ್ರೀನ್ ಮೇಡಂ ಕಲ್ಲನ್ನು ಕೈಯಲ್ಲಿ ತೂಗಿ ನೋಡಿ, ಎರಡೂ ಕೈಯಲ್ಲಿ ಹಿಡಿಯುವ ರೀತಿ ಹೇಳಿಕೊಟ್ಟರು. ಹಳೆಯ ಸೀರೆಯಲ್ಲಿ ಸುತ್ತಿ, ಎದೆಗೊತ್ತಿ, ಕೈ ಮುಂದೆ ಚಾಚಿ, ಬಟ್ಟೆಯ ಬುಟ್ಟಿಯೊಳಗೆ ನಿಧಾನವಾಗಿ ಇಳಿಸುವುದು. ಸದ್ದಾದರೆ ಲೆಕ್ಕಕ್ಕಿಲ್ಲ.

ಪಕ್ಕದ ಮನೆಯ ರಜಿಯಾ ಖಾಲಾ ಕಿಟಕಿಯಿಂದ ಇದನ್ನು ನೋಡಿದ್ದರು. ಸಂಜೆ ಸೆರಗಿನಲ್ಲಿ ಮುಚ್ಚಿಕೊಂಡು ಒಂದು ಬಟ್ಟಲು ಖೀರು ತಂದು, ನನ್ನ ಗದ್ದ ಹಿಡಿದು, "ಮುಬಾರಕ್ ಬೇಟಿ. ನಂಗ ಯಾಕ ಹೇಳಲಿಲ್ಲ? ಈ ವಯಸ್ಸಿನಾಗ ಆದ್ರೂ ಅಲ್ಲಾ ಕೊಟ್ಟಾನ. ಕೂಸು ಭಾಳ ಶಾಣ್ಯಾ ಅದ, ಒಂದ್ಸಲಾನೂ ಅಳಲಿಲ್ಲ," ಎಂದರು. ನನ್ನ ದೊಡ್ಡ ಮಗನಿಗೆ ಆಗ ಮೀಸೆ ಬಂದಿತ್ತು. ಬುಟ್ಟಿ ತಂದು ಬಟ್ಟೆ ಸರಿಸಿ ಕೂಸಿನ ಮುಖ ತೋರಿಸಿದೆ. ಖಾಲಾ ಕಲ್ಲನ್ನು ನೋಡಿದರು, ನನ್ನನ್ನು ನೋಡಿದರು, ಆಮೇಲೆ ಗೋಡೆ ಹಿಡಿದು ನಕ್ಕರು. ಖೀರನ್ನು ವಾಪಸು ಕೊಡಲಿಲ್ಲ, ನಾವಿಬ್ಬರೇ ಕುಡಿದೆವು.

ಗೀತಾಳಿಗೆ ಹೆಣ್ಣು ಕೂಸಾಯಿತು. ಅವಳಿಗೆ ತಾಯಿ ಇಲ್ಲದ್ದರಿಂದ ಬಾಣಂತನವೂ ತೊಟ್ಟಿಲೂ ಕಮಲಾಪುರದಲ್ಲೇ ಆದವು. ಅವ್ವ ನನಗೆ ಹಸಿರು ಸೀರೆ ಉಡಿಸಿದಳು, ಆದರೆ ಸುಮಿತ್ರಾಳಿಗೂ ಅದೇ ಬಣ್ಣದ್ದು ಉಡಿಸಿದ್ದಳು. "ಮೊದಲ ನನಗ ಕೊಡು. ನೋಡಿ ಆಮ್ಯಾಲ ಮಾತಾಡು," ಎಂದೆ. ಅವ್ವ ಗುಂಡಕಲ್ಲನ್ನು ನನ್ನ ಕೈಗಿಟ್ಟಳು. ಸುಮಿತ್ರಾ ತೊಟ್ಟಿಲಿನ ಆ ಬದಿಗೆ ಎರಡೂ ಕೈ ಚಾಚಿ ನಿಂತಳು. ನಾನು ಬಾಗಿ ಇಳಿಸಿದೆ. ತೊಟ್ಟಿಲ ಗೆಜ್ಜೆ ಕೂಡ ಅಲುಗಲಿಲ್ಲ. ಅವ್ವ ತೊಟ್ಟಿಲೊಳಗೆ ಬಾಗಿ ನೋಡಿ, "ಸುಮಿತ್ರಾ, ನೀ ಈಕಡಿ ಬಾ," ಎಂದಳು. ಕಲ್ಲು ತೆಗೆದು ಕೂಸನ್ನು ನನಗೆ ಕೊಟ್ಟಳು.

ಕಲ್ಲು ಒದೆಯುವುದಿಲ್ಲ, ಕೂಸು ಒದೆಯುತ್ತದೆ. ಇದನ್ನು ಯಾವ ಕಸರತ್ತೂ ನನಗೆ ಕಲಿಸಿರಲಿಲ್ಲ. ಅದೂ ಅಲ್ಲದೆ ನಮ್ಮಲ್ಲಿ ಸೋದರತ್ತೆ ಕಿವಿಯಲ್ಲಿ "ಕುರ್ರ್" ಎಂದು ಹೆಸರು ಹೇಳುವಾಗ ಉಳಿದ ಹೆಂಗಸರು ಅವಳ ಬೆನ್ನಿಗೆ ಗುದ್ದುತ್ತಾರೆ. ಗುದ್ದುವುದು ಕೂಸು ಮಲಗಿದ ಮೇಲೆ. ನಾನು ಅವಸರಗೇಡಿ, ಕೂಸು ಇನ್ನೂ ತೊಟ್ಟಿಲ ಅರ್ಧದಲ್ಲಿರುವಾಗಲೇ ಅದರ ಕಿವಿಗೆ ಬಾಯಿಟ್ಟು "ಕುರ್ರ್, ಸಿಂಚನಾ" ಎಂದುಬಿಟ್ಟೆ. ಅಷ್ಟೇ ಸಾಕಾಯಿತು. ಊರ ಹೆಂಗಸರೆಲ್ಲ ಹಳೆಯ ಬಾಕಿ ತೀರಿಸುವವರಂತೆ ಧಬಧಬ ಗುದ್ದತೊಡಗಿದರು. ಬೆನ್ನು ಅದುರಿತು, ಭುಜ ಉರಿಯಿತು, "ನಿಂದರ್ರೇ" ಎಂಬ ಅವ್ವನ ಧ್ವನಿ ಗದ್ದಲದಲ್ಲಿ ಮುಳುಗಿತು. ಕೈಗಳು ಮಾತ್ರ ತಮ್ಮ ಕೆಲಸ ಬಿಡಲಿಲ್ಲ. ಗುದ್ದು ಬೀಳುತ್ತಿದ್ದಂತೆಯೇ, ಅದೇ ನಿಧಾನದಲ್ಲಿ, ತಲೆ, ಬೆನ್ನು, ಕಾಲು ಎಂದು ಕೂಸು ಕೌದಿಯ ಮೇಲೆ ಇಳಿಯಿತು. ಆಕಳಿಸಿ ನಿದ್ದೆ ಹೋಯಿತು. ಅಷ್ಟು ಖುಷಿ ನನಗೆ ನನ್ನ ಮದುವೆಯ ದಿನವೂ ಆಗಿರಲಿಲ್ಲ, ಮನೆಯವರು ಓದಿದರೆ ಓದಲಿ.

ಹೋದ ಭಾನುವಾರ ಕಮಲಾಪುರಕ್ಕೆ ಹೋಗಿದ್ದೆ. ಸಿಂಚನಾ ಈಗ ಶಾಲೆಗೆ ಹೋಗುವ ಹುಡುಗಿ. ಹಿತ್ತಲ ಬೇವಿನ ಗಿಡ ಹತ್ತಿ ಟೊಂಗೆಯ ಮೇಲೆ ಕೂತಿದ್ದಳು, ಇಳಿಯಲು ಬಾರದೆ ಅಳುತ್ತಿದ್ದಳು. ಶರಣು ಏಣಿ ಹುಡುಕುತ್ತಿದ್ದ. "ಜಿಗಿ, ಹಿಡೀತೀನಿ," ಎಂದು ಗೀತಾ ಕೆಳಗಿನಿಂದ ಕೂಗುತ್ತಿದ್ದಳು. ಅವ್ವ ಕೋಲೂರಿಕೊಂಡು ಹೊರಗೆ ಬಂದವಳು ನನ್ನನ್ನು ಬಾಗಿಲಲ್ಲಿ ಕಂಡು, "ಎಲ್ಲಾರೂ ದೂರ ಸರೀರಿ, ಅಕಿ ಅತ್ತಿ ಬಂದಾಳ," ಎಂದಳು.

ನಾನು ಕೈಚೀಲ ಕೆಳಗಿಟ್ಟು ಹೋಗಿ ಎರಡೂ ಕೈ ಮೇಲೆತ್ತಿದೆ. ಅವಳು ಕಣ್ಣು ಬಿಗಿಯಾಗಿ ಮುಚ್ಚಿ ನನ್ನ ಕೈಗೆ ಬಂದಳು. ಇಳಿಸಿದೆ. ಪಾದಗಳು ಮಣ್ಣು ಮುಟ್ಟಿ ಎಷ್ಟೋ ಹೊತ್ತಾದರೂ ಕಣ್ಣು ತೆರೆಯಲಿಲ್ಲ.

"ನೆಲ ಎಷ್ಟು ದೂರ ಅದ ಅತ್ತೀ?" ಎಂದು ಕೇಳಿದಳು.

"ನಿಂತೀಯಲ್ಲ ಯವ್ವಾ, ಕಣ್ಣು ತಗಿ," ಎಂದೆ.